ದಿಂಬು ತಿರುಗಿಸುವ ಸುಖದ ಬಗ್ಗೆ ಏಳು ನಿಮಿಷದ ಕಿರುಚಿತ್ರ: ಎಲ್ಲಿ ಕತ್ತರಿಸಲಿ?

ನಿಧಾನಗತಿ

ಎಲ್ಲರಿಗೂ ನಮಸ್ಕಾರ. ಒಂದು ಕಿರುಚಿತ್ರದ ರಫ್ ಕಟ್ (ಮೊದಲ ಕಚ್ಚಾ ಜೋಡಣೆ) ಮುಗಿದಿದೆ. ಕಥೆ ಒಂದೇ ಸಾಲು. ಒಬ್ಬ ಮನುಷ್ಯ ಸೆಕೆಗೆ ನಿದ್ದೆ ಬಾರದೆ ಹೊರಳಾಡುತ್ತಾನೆ, ಕೊನೆಗೆ ದಿಂಬು ತಿರುಗಿಸಿ ತಣ್ಣಗಿರುವ ಮಗ್ಗುಲಿಗೆ ಕೆನ್ನೆ ಇಡುತ್ತಾನೆ. ಮುಗೀತು. ಮಾತಿಲ್ಲ, ಫ್ಲ್ಯಾಶ್‌ಬ್ಯಾಕ್ ಇಲ್ಲ. ಒಂದೇ ಕೋಣೆ, ಒಬ್ಬನೇ ನಟ. ಕ್ಯಾಮೆರಾ ಒಮ್ಮೆಯೂ ಅಲುಗಾಡುವುದಿಲ್ಲ. ಒಟ್ಟು ಹನ್ನೊಂದು ಶಾಟ್, ಅವಧಿ 7 ನಿಮಿಷ. ದಿಂಬು ತಿರುಗುವ ಹೊತ್ತಿಗೆ 4 ನಿಮಿಷ 40 ಸೆಕೆಂಡ್ ಆಗಿರುತ್ತದೆ. ಆಮೇಲೆ ಅವನು ಸುಮ್ನೆ ಮಲಗಿರುತ್ತಾನೆ, ಸಣ್ಣಗೆ ನಗುತ್ತಾನೆ, ಪಿಯಾನೊ ಶುರುವಾಗುತ್ತದೆ.

ನನ್ನ ತಲೆನೋವು ಇದು. ತಂಪು ಕಣ್ಣಿಗೆ ಕಾಣುವುದಿಲ್ಲ, ಕಿವಿಗೂ ಕೇಳುವುದಿಲ್ಲ. ಸಿನಿಮಾದ ಹತ್ತಿರ ಇರುವುದು ಆ ಎರಡೇ. ನೋಡಿದವರೆಲ್ಲ ‘ಚೆನ್ನಾಗಿದೆ’ ಅಂದರು. ಯಾರೊಬ್ಬರೂ ‘ಹಾಯೆನಿಸಿತು’ ಅನ್ನಲಿಲ್ಲ. ನನಗೆ ಬೇಕಿರುವುದು ಆ ಎರಡನೇ ಮಾತು. ಲಿಂಕ್ ಹಾಕಿದ್ದೇನೆ, ನೋಡಿ ಬೈಯಿರಿ. ಎಲ್ಲಿ ಕತ್ತರಿಸಬೇಕು, ಎಲ್ಲಿ ಬಿಡಬೇಕು ಅಂತ ಹೇಳಿದರೆ ಸಾಕು.

ಎರಡನೇಸಾಲು

ನೋಡಿದೆ. ನೇರವಾಗಿ ಹೇಳ್ತೀನಿ, ಬೇಜಾರು ಮಾಡ್ಕೋಬೇಡಿ. ಹದಿನೈದು ಸೆಕೆಂಡಿನ ವಿಷಯಕ್ಕೆ ಏಳು ನಿಮಿಷ ಯಾಕೆ? ಏನೂ ಆಗುವುದಿಲ್ಲ. ಎರಡನೇ ನಿಮಿಷಕ್ಕೆ ನಾನು ಮುಂದಕ್ಕೆ ಓಡಿಸಿದೆ. ಮಿನಿಮಲ್ ಅಂದ್ರೆ ಕಡಿಮೆ ಅಂತ ಅಲ್ವಾ? ಇಲ್ಲಿ ಎಲ್ಲವೂ ಕಡಿಮೆ, ಸಮಯ ಮಾತ್ರ ಜಾಸ್ತಿ.

ಕತ್ತರಿ_ಅಂಟು

ನಾನು ಎಡಿಟಿಂಗ್ ಮಾಡುವವನು, ಆ ಕಣ್ಣಿನಿಂದ ಹೇಳುತ್ತೇನೆ. ನಿಮ್ಮ ಚಿತ್ರದ ತೊಂದರೆ ಉದ್ದದ್ದಲ್ಲ. ಸುಖವನ್ನು ತೋರಿಸಲು ಹೊರಟಿದ್ದೀರಿ, ಅದೇ ತೊಂದರೆ. ಬೇರೆಯವರ ಸುಖ ನೋಡಿದರೆ ನಮಗೆ ಸುಖ ಆಗುವುದಿಲ್ಲ. ಆ ಸುಖ ನಮಗೆ ಬೇಕು ಅಂತ ಮೊದಲು ಅನಿಸಬೇಕು. ಅಂದರೆ ದಿಂಬು ತಿರುಗುವ ಮೊದಲೇ ನೋಡುವವನ ಕೆನ್ನೆ ಬಿಸಿಯಾಗಿರಬೇಕು. ನಿಮ್ಮ ಮೊದಲ ನಾಲ್ಕು ನಿಮಿಷದಲ್ಲಿ ಅದು ಆಗುತ್ತಿಲ್ಲ. ಅವನು ಹೊರಳುತ್ತಾನೆ, ಗಡಿಯಾರ ನೋಡುತ್ತಾನೆ, ಫ್ಯಾನ್ ನೋಡುತ್ತಾನೆ, ಮತ್ತೆ ಗಡಿಯಾರ. ಇದರಿಂದ ‘ಇವನಿಗೆ ನಿದ್ದೆ ಬರುತ್ತಿಲ್ಲ’ ಅಂತ ಗೊತ್ತಾಗುತ್ತದೆ. ‘ಇವನ ದಿಂಬು ಬಿಸಿಯಾಗಿದೆ’ ಅಂತ ಗೊತ್ತಾಗುವುದಿಲ್ಲ. ನಿದ್ದೆ ಬಾರದಿರಲು ನೂರು ಕಾರಣ ಇರುತ್ತವೆ. ಸಾಲ ಇರಬಹುದು, ಜಗಳ ಆಗಿರಬಹುದು. ನಾನಂತೂ ಮೂರನೇ ನಿಮಿಷದವರೆಗೆ ಅವನ ಹೆಂಡತಿ ಬಿಟ್ಟು ಹೋಗಿದ್ದಾಳೆ ಅಂತಲೇ ಅಂದುಕೊಂಡಿದ್ದೆ.

ಗಡಿಯಾರದ ಎರಡು ಶಾಟ್ ತೆಗೆಯಿರಿ. ಕೆನ್ನೆ ಮತ್ತು ದಿಂಬು ಅಂಟಿಕೊಂಡಿರುವ ಜಾಗವನ್ನು ಹತ್ತಿರದಿಂದ ತೋರಿಸಿ. ಕೂದಲು ಚರ್ಮಕ್ಕೆ ಅಂಟಿರಲಿ. ತಲೆ ಎತ್ತಿದಾಗ ಬಟ್ಟೆ ಸ್ವಲ್ಪ ಜೊತೆಗೇ ಎದ್ದು ಬರಲಿ.

ಇನ್ನು ಆ ನಗು. ದಯವಿಟ್ಟು ತೆಗೆಯಿರಿ. ರಷ್ಯಾದ ಲೆವ್ ಕುಲೆಶೋವ್ ಸುಮಾರು ನೂರು ವರ್ಷದ ಹಿಂದೆ ಮಾಡಿದ ಪ್ರಯೋಗ ನೆನಪಿರಬಹುದು. ಭಾವನೆಯೇ ಇಲ್ಲದ ಒಂದೇ ಮುಖ. ಅದರ ಪಕ್ಕ ಸೂಪಿನ ಬಟ್ಟಲು ಅಂಟಿಸಿದರೆ ನೋಡುವವರಿಗೆ ಹಸಿವು ಕಾಣಿಸಿತು, ಶವಪೆಟ್ಟಿಗೆ ಅಂಟಿಸಿದರೆ ದುಃಖ ಕಾಣಿಸಿತು. ಮುಖ ಖಾಲಿ ಇದ್ದರೆ ಅದನ್ನು ನಾವು ತುಂಬುತ್ತೇವೆ. ನಿಮ್ಮ ನಟ ತಾನೇ ತುಂಬಿಕೊಂಡುಬಿಟ್ಟಿದ್ದಾನೆ, ನಮಗೆ ಕೆಲಸವೇ ಉಳಿದಿಲ್ಲ.

ಖಾಲಿಕುರ್ಚಿ

ನಗು + ಪಿಯಾನೊ = ಹಾಸಿಗೆ ಜಾಹೀರಾತು. ಕೊನೆಯಲ್ಲಿ ಕಂಪನಿ ಹೆಸರು ಬರುತ್ತದೆ ಅಂತ ಕಾದೆ.

ನಿಧಾನಗತಿ

ಅಯ್ಯೋ. ಆದರೆ ನಿಜ ಅನಿಸುತ್ತಿದೆ. ಇನ್ನು ಮುಂದೆ ನನಗೂ ಅದು ಹಾಸಿಗೆ ಜಾಹೀರಾತಾಗಿಯೇ ಕಾಣುತ್ತದೆ.

@ಕತ್ತರಿ_ಅಂಟು, ನಗು ಇಲ್ಲದ ಟೇಕ್ ಒಂದಿದೆ. ಅದರಲ್ಲಿ ಅವನು ಬಾಯಿ ಸ್ವಲ್ಪ ತೆರೆದು ಉಸಿರು ಬಿಡುತ್ತಾನೆ, ಅಷ್ಟೇ. ‘ಏನೂ ಮಾಡಲಿಲ್ಲವಲ್ಲ’ ಅಂತ ಪಕ್ಕಕ್ಕಿಟ್ಟಿದ್ದೆ.

ಕತ್ತರಿ_ಅಂಟು

ಅದೇ ನಿಮ್ಮ ಟೇಕ್. ಅದನ್ನೇ ಬಳಸಿ. ಫ್ರೆಂಚ್ ನಿರ್ದೇಶಕ ರಾಬರ್ಟ್ ಬ್ರೆಸಾನ್ ತನ್ನ ನಟರನ್ನು ನಟರು ಅಂತಲೇ ಕರೆಯುತ್ತಿರಲಿಲ್ಲ, ‘ಮಾಡೆಲ್’ ಅನ್ನುತ್ತಿದ್ದ. ಅಭಿನಯವೆಲ್ಲ ಉದುರಿ ಹೋಗುವವರೆಗೆ ಅದೇ ಕೆಲಸವನ್ನು ಮತ್ತೆ ಮತ್ತೆ ಮಾಡಿಸುತ್ತಿದ್ದ. ನಿಮ್ಮ ನಟ ದಣಿದು ಮಾಡಿದ ಟೇಕ್ ಇರಬೇಕು ಅದು.

ನಿಧಾನಗತಿ

ಹೌದು, ರಾತ್ರಿಯ ಕೊನೆಯ ಟೇಕ್. ಅವನಿಗೆ ನಿಜಕ್ಕೂ ನಿದ್ದೆ ಬರುತ್ತಿತ್ತು.

ಹಗಲುನಿದ್ದೆ

ಸಿನಿಮಾ ನನಗೆ ಅಷ್ಟು ಗೊತ್ತಿಲ್ಲ, ಆದರೆ ದಿಂಬಿನ ತಂಪಿನ ಬಗ್ಗೆ ಒಂದೆರಡು ಮಾತು. ನಿಮಗೆ ಉಪಯೋಗ ಆಗಬಹುದು.

ಕೆನ್ನೆಯ ಚರ್ಮ ಸಾಮಾನ್ಯವಾಗಿ 33-34 ಡಿಗ್ರಿ ಸೆಲ್ಸಿಯಸ್ ಆಸುಪಾಸು ಇರುತ್ತದೆ. ದಿಂಬಿನ ಒಳಗೆ ಇರುವುದು ಬಹುಪಾಲು ಗಾಳಿ. ಗಾಳಿ ಶಾಖವನ್ನು ಸುಲಭಕ್ಕೆ ದಾಟಿಸುವುದಿಲ್ಲ. ಹಾಗಾಗಿ ಮೇಲಿನ ಮಗ್ಗುಲು ನಮ್ಮ ಶಾಖಕ್ಕೆ ಬೆಚ್ಚಗಾಗುತ್ತದೆ, ಕೆಳಗಿನದು ಹೆಚ್ಚುಕಮ್ಮಿ ಕೋಣೆಯಷ್ಟೇ ಇರುತ್ತದೆ. ಮಜಾ ಏನೆಂದರೆ, ಕೆಳಮಗ್ಗುಲು ನಿಜವಾಗಿ ‘ತಣ್ಣಗೆ’ ಏನೂ ಇರುವುದಿಲ್ಲ. ಕೋಣೆ 29 ಡಿಗ್ರಿ ಇದ್ದರೆ ಅದೂ ಸುಮಾರು 29 ಡಿಗ್ರಿಯೇ. ನಮ್ಮ ಚರ್ಮ ಥರ್ಮಾಮೀಟರಿನಂತೆ ಅಂಕಿ ಓದುವುದಿಲ್ಲ. ತನ್ನಿಂದ ಶಾಖ ಎಷ್ಟು ಬೇಗ ಹೊರಟು ಹೋಗುತ್ತಿದೆ ಅನ್ನುವುದು ಅದಕ್ಕೆ ಮುಖ್ಯ.

ಚರ್ಮದಲ್ಲಿ ತಂಪನ್ನು ಗುರುತಿಸುವ ನರತುದಿಗಳು ಇರುತ್ತವೆ. ಅವುಗಳಲ್ಲಿ ಟಿಆರ್‌ಪಿಎಂ8 ಅನ್ನುವ ಒಂದು ಪ್ರೋಟೀನ್ ಇದೆ. ತಂಪು ತಾಗಿದರೆ ಅದು ತೆರೆದುಕೊಂಡು ನರಕ್ಕೆ ಸುದ್ದಿ ಕಳಿಸುತ್ತದೆ. ಮೆಂಥಾಲ್ ಹಚ್ಚಿದಾಗ ತಣ್ಣಗೆ ಅನಿಸುವುದೂ ಇದರಿಂದಲೇ. 2002ರಲ್ಲಿ ಇದನ್ನು ಗುರುತಿಸಿದರು. ಡೇವಿಡ್ ಜೂಲಿಯಸ್ ಮತ್ತು ಆರ್ಡೆಮ್ ಪಟಪೂಟಿಯನ್ ಅವರಿಗೆ 2021ರಲ್ಲಿ ವೈದ್ಯಕೀಯ ನೊಬೆಲ್ ಬಂದದ್ದು ಉಷ್ಣತೆ ಮತ್ತು ಸ್ಪರ್ಶದ ಈ ಥರದ ಗ್ರಾಹಕಗಳ ಕೆಲಸಕ್ಕೇ. ನಿಮಗೆ ಬೇಕಾದ ಮಾತು ಇಲ್ಲಿದೆ. ಈ ನರಗಳು ತಂಪು ತಾಗಿದ ಕ್ಷಣ ಜೋರಾಗಿ ಕೂಗುತ್ತವೆ, ಆಮೇಲೆ ತಂಪು ಹಾಗೇ ಇದ್ದರೂ ದನಿ ತಗ್ಗಿಸುತ್ತವೆ. ಅಂದರೆ ಸುಖ ಇರುವುದು ಬದಲಾವಣೆಯಲ್ಲಿ. ಅದರ ಮೇಲೆ ದಿಂಬೂ ಬೇಗ ಬೆಚ್ಚಗಾಗುತ್ತದೆ. ಹೇಗೆ ನೋಡಿದರೂ ಅದು ತುಂಬ ಹೊತ್ತಿನ ಸುಖ ಅಲ್ಲ.

ಕತ್ತರಿ_ಅಂಟು

ನೋಡಿ, ಎಡಿಟಿಂಗ್ ಪಾಠ ನರವಿಜ್ಞಾನದಿಂದ ಬಂತು. ತಿರುಗಿಸಿದ ಮೇಲೆ ಎರಡು ನಿಮಿಷ ಇಪ್ಪತ್ತು ಸೆಕೆಂಡ್ ಹಿಡಿದಿದ್ದೀರಲ್ಲ, ಅಷ್ಟು ಹೊತ್ತು ಯಾರ ಕೆನ್ನೆಗೂ ತಂಪು ಗೊತ್ತಾಗುವುದಿಲ್ಲ. ಕೆನ್ನೆ ತಾಗಿತು, ಒಂದು ಉಸಿರು, ಕಟ್. ಕಪ್ಪು ಪರದೆ.

ಖಾಲಿಕುರ್ಚಿ

ಇದನ್ನು ನಾನು ಒಪ್ಪುವುದಿಲ್ಲ. ಹಾಗೆ ಕಟ್ ಮಾಡಿದರೆ ಅದು ಜೋಕಿನ ಕೊನೆಯ ಸಾಲು ಆಗುತ್ತದೆ. ‘ಓ, ದಿಂಬಾ!’ ಅಂತ ನಕ್ಕು ಜನ ಮುಂದಿನ ವಿಡಿಯೊಗೆ ಹೋಗುತ್ತಾರೆ. ಸುಖ ತಾಗಿದ ಮೇಲೆ ದೇಹ ಸಡಿಲ ಆಗುತ್ತದಲ್ಲ, ಅದನ್ನು ನೋಡಲು ಸಮಯ ಬೇಕು. ಹೆಗಲು ಇಳಿಯಬೇಕು. ಮುಷ್ಟಿ ಬಿಚ್ಚಬೇಕು. ಉಸಿರು ಉದ್ದ ಆಗಬೇಕು. ಆಂಡಿ ವಾರ್ಹಾಲ್ 1960ರ ದಶಕದಲ್ಲಿ ಒಬ್ಬ ಮನುಷ್ಯ ಮಲಗಿರುವುದನ್ನೇ ಐದು ಗಂಟೆಗೂ ಜಾಸ್ತಿ ತೋರಿಸಿದ. ಅಷ್ಟು ಬೇಡ, ಆದರೆ ಎರಡು ನಿಮಿಷಕ್ಕೆ ಹೆದರುವುದೂ ಬೇಡ.

ಇನ್ನೊಂದು ಯೋಚನೆ. ಶಾಟ್ ಹಾಗೇ ಇರಲಿ. ಸುಮಾರು ಒಂದು ನಿಮಿಷ ಆದ ಮೇಲೆ, ದಿಂಬು ಮತ್ತೆ ಬೆಚ್ಚಗಾದ ಹೊತ್ತಿಗೆ, ಅವನ ಕೈ ನಿದ್ದೆಗಣ್ಣಿನಲ್ಲೇ ಮತ್ತೆ ದಿಂಬಿನ ಅಂಚು ಹುಡುಕಲಿ. ಅಲ್ಲಿ ಮುಗಿಸಿ.

ಎರಡನೇಸಾಲು

ಅದು ನಿಜವಾದ ಜೋಕಿನ ಕೊನೆಯ ಸಾಲು ಕಣ್ರೀ.

ಖಾಲಿಕುರ್ಚಿ

ಆಗಲಿ ಬಿಡಿ. ಕನಿಷ್ಠ ಸತ್ಯವಾದ ಜೋಕು.

ಶಬ್ದಪೆಟ್ಟಿಗೆ

ಎಲ್ಲರೂ ಚಿತ್ರದ ಬಗ್ಗೆಯೇ ಮಾತಾಡುತ್ತಿದ್ದೀರಿ. ಶಬ್ದಕ್ಕೆ ಬನ್ನಿ. ‘ತಂಪು ಕಿವಿಗೆ ಕೇಳುವುದಿಲ್ಲ’ ಅಂದಿರಿ. ಕೇಳಿಸಬಹುದು.

ಈಗಲೇ ಒಂದು ದಿಂಬಿನ ಮೇಲೆ ಮಗ್ಗುಲಾಗಿ ಮಲಗಿ ನೋಡಿ. ಒಂದು ಕಿವಿ ದಿಂಬಿನೊಳಗೆ ಹೂತಿರುತ್ತದೆ. ಆ ಕಿವಿಗೆ ಕೋಣೆಯ ಶಬ್ದ ಬರುವುದಿಲ್ಲ, ಬಂದರೂ ಮಂಕಾಗಿ ಬರುತ್ತದೆ. ಬದಲಿಗೆ ನಿಮ್ಮದೇ ಉಸಿರು, ಹಲ್ಲು ಕಚ್ಚಿದ ಸದ್ದು, ಕೆಲವೊಮ್ಮೆ ನಾಡಿಯ ಬಡಿತ ಕೇಳುತ್ತದೆ. ದಿಂಬು ತಿರುಗಿಸಬೇಕಾದರೆ ಏನು ಮಾಡುತ್ತೀರಿ? ತಲೆ ಎತ್ತುತ್ತೀರಿ. ಆ ಒಂದೆರಡು ಸೆಕೆಂಡ್ ಎರಡೂ ಕಿವಿ ತೆರೆದಿರುತ್ತವೆ. ಇಡೀ ಕೋಣೆ ಒಮ್ಮೆಲೇ ಕೇಳುತ್ತದೆ. ಫ್ಯಾನು, ಕಿಟಕಿಯ ಆಚೆಯ ಹುಳುಗಳು, ದೂರದ ಒಂದು ಗಾಡಿ, ಎಲ್ಲವೂ ಚೂಪಾಗಿ. ಆಮೇಲೆ ಕೆನ್ನೆ ಇಡುತ್ತೀರಿ, ಒಂದು ಕಿವಿ ಮತ್ತೆ ಮುಚ್ಚುತ್ತದೆ.

ನಿಮ್ಮ ಚಿತ್ರದ ಶಬ್ದ ಮೊದಲಿನಿಂದ ಕೊನೆವರೆಗೆ ಒಂದೇ ಥರ ಇದೆ. ಕ್ಯಾಮೆರಾ ಇಟ್ಟ ಜಾಗದಿಂದ ಕೇಳುವ ಶಬ್ದ ಅದು. ಅವನ ಕಿವಿಯೊಳಗಿಂದ ಕೇಳಿಸಿ. ಮೊದಲ ನಾಲ್ಕು ನಿಮಿಷ ಮಂಕು, ಬಿಸಿ, ಉಸಿರುಕಟ್ಟಿದ ಶಬ್ದ. ತಲೆ ಎತ್ತಿದಾಗ ತೆರೆಯಲಿ. ಕಿಟಕಿ ತೆಗೆದಂತೆ ಅನಿಸುತ್ತದೆ. ನೋಡುವವನಿಗೆ ಯಾಕೆ ಹಾಯೆನಿಸಿತು ಅಂತ ಗೊತ್ತೂ ಆಗುವುದಿಲ್ಲ, ಆದರೆ ಅನಿಸುತ್ತದೆ. ಆ ಹಾಯನ್ನು ಅವನು ದಿಂಬಿನ ಲೆಕ್ಕಕ್ಕೆ ಬರೆದುಕೊಳ್ಳುತ್ತಾನೆ.

ನಿಧಾನಗತಿ

ಇದನ್ನು ಓದಿ ಎದ್ದು ಹೋಗಿ ಮಲಗಿ ನೋಡಿ ಬಂದೆ. ಸರ್, ಇಷ್ಟು ವರ್ಷ ಮಲಗಿದ್ದರೂ ಇದನ್ನು ಗಮನಿಸಿಯೇ ಇರಲಿಲ್ಲ! ಹೇಗೆ ಮಾಡುವುದು? ಶೂಟಿಂಗ್ ಸಮಯದಲ್ಲಿ ತೆಗೆದ ಆಡಿಯೊ ಇದೆ, ಆದರೆ ಅದರಲ್ಲಿ ಫ್ಯಾನ್ ಸದ್ದು ಎಲ್ಲದರ ಮೇಲೂ ಕೂತಿದೆ.

ಶಬ್ದಪೆಟ್ಟಿಗೆ

ಆ ಆಡಿಯೊ ಬಿಟ್ಟುಬಿಡಿ. ಮಾತೇ ಇಲ್ಲವಲ್ಲ, ಹೊಸದಾಗಿ ಕಟ್ಟಿ. ಕಷ್ಟ ಏನಿಲ್ಲ.

ಫ್ಯಾನ್ ಆರಿಸಿ, ಅದೇ ಕೋಣೆಯಲ್ಲಿ ಒಂದು ನಿಮಿಷ ಖಾಲಿ ಶಬ್ದ ರೆಕಾರ್ಡ್ ಮಾಡಿ. ರೂಮ್ ಟೋನ್ ಅನ್ನುತ್ತಾರಲ್ಲ, ಅದು. ಆಮೇಲೆ ಫ್ಯಾನ್ ಹಾಕಿ ಅದನ್ನು ಬೇರೆಯಾಗಿ ತೆಗೆದುಕೊಳ್ಳಿ. ಬಟ್ಟೆಯ ಸದ್ದನ್ನು ಮೈಕ್ ತೀರ ಹತ್ತಿರ ಹಿಡಿದು ರೆಕಾರ್ಡ್ ಮಾಡಿ. ಫ್ಯಾನ್ ಆಗ ಕಡ್ಡಾಯವಾಗಿ ಬಂದ್. 24 ಬಿಟ್‌ನಲ್ಲಿ ಮಾಡಿ, ಸಣ್ಣ ಸದ್ದನ್ನು ಆಮೇಲೆ ಎತ್ತಿದರೂ ಹಿಸ್ (ಹಿಂದಿನ ಸುಯ್ ಸದ್ದು) ಜಾಸ್ತಿ ಆಗುವುದಿಲ್ಲ. ಮೈಕೇ ಅಗ್ಗದ್ದಾಗಿದ್ದರೆ ಅದರದೇ ಹಿಸ್ ಇರುತ್ತದೆ, ಅದಕ್ಕೆ ಮದ್ದಿಲ್ಲ.

ದಿಂಬಿನ ಹೊದಿಕೆ ಯಾವ ಬಟ್ಟೆ ಅನ್ನುವುದನ್ನು ನೋಡಿಕೊಳ್ಳಿ. ಒಗೆದು ಒಣಗಿಸಿದ ಹತ್ತಿ ಬಟ್ಟೆ ಗರಿಗರಿ ಸದ್ದು ಮಾಡುತ್ತದೆ, ಆ ಸದ್ದೇ ಅರ್ಧ ತಂಪು. ಪಾಲಿಸ್ಟರ್ ಚರಚರ ಅನ್ನುತ್ತದೆ, ಪ್ಲಾಸ್ಟಿಕ್ ಚೀಲ ಕಿವುಚಿದಂತೆ ಕೇಳುತ್ತದೆ. ಚಿತ್ರದಲ್ಲಿ ಯಾವುದಿದ್ದರೂ ಪರವಾಗಿಲ್ಲ, ಶಬ್ದಕ್ಕೆ ಹತ್ತಿಯನ್ನೇ ಬಳಸಿ.

ಮಂಕು ಶಬ್ದಕ್ಕೆ ಲೋ-ಪಾಸ್ ಫಿಲ್ಟರ್ ಹಾಕಿ ಸುಮಾರು 800 ಹರ್ಟ್ಸ್‌ನಿಂದ ಮೇಲಿನದನ್ನು ತಗ್ಗಿಸಿ, ಕೇಳಿ ನೋಡಿ ಹೆಚ್ಚುಕಮ್ಮಿ ಮಾಡಿಕೊಳ್ಳಿ. ಒಂದು ಕಿವಿಯ ಕಡೆ ಮಾತ್ರ ಜಾಸ್ತಿ ಮಂಕು ಇರಲಿ. ಒಮ್ಮೆಲೇ ಹಾಕಬೇಡಿ. ಮೊದಲ ಶಾಟ್‌ನಲ್ಲಿ ಬಹಳ ಕಡಿಮೆ ಇಟ್ಟು ನಿಧಾನಕ್ಕೆ ಏರಿಸಿ. ಹಾಗೆ ಮಾಡಿದರೆ ಯಾರಿಗೂ ಗೊತ್ತಾಗುವುದಿಲ್ಲ, ಉಸಿರು ಮಾತ್ರ ಕಟ್ಟುತ್ತಾ ಬರುತ್ತದೆ. ತಲೆ ಎತ್ತುವ ಚಿತ್ರಕ್ಕಿಂತ ಕೆಲವು ಫ್ರೇಮ್ ಮೊದಲೇ ಫಿಲ್ಟರ್ ತೆಗೆಯಿರಿ. ಶಬ್ದ ಮುಂದೆ, ಚಿತ್ರ ಹಿಂದೆ.

ಎರಡನೇಸಾಲು

ಇದು ಮೋಸ ಅಲ್ವಾ? ಮಿನಿಮಲ್ ಸಿನಿಮಾ ಅಂತ ಹೇಳಿ ಹಿಂದಿನಿಂದ ಫಿಲ್ಟರ್ ಹಾಕಿ ಮನಸ್ಸು ತಿರುಗಿಸುವುದು? ಪಿಯಾನೊ ಬೇಡ ಅಂದವರು ಇದನ್ನು ಹೇಗೆ ಒಪ್ಪುತ್ತೀರಿ?

ಶಬ್ದಪೆಟ್ಟಿಗೆ

ಪಿಯಾನೊ ಆ ಕೋಣೆಯಲ್ಲಿಲ್ಲ. ಮುಚ್ಚಿದ ಕಿವಿ ಆ ಕೋಣೆಯಲ್ಲಿದೆ. ನನ್ನ ಲೆಕ್ಕ ಇಷ್ಟೇ.

ಬೆಳಕುಕಂಡಿ

ಶೂಟಿಂಗ್ ಮುಗಿದಿದೆ ಅಂತ ಗೊತ್ತು, ಆದರೂ ಹೇಳುತ್ತೇನೆ. ಒಂದೆರಡು ಶಾಟ್ ಮತ್ತೆ ತೆಗೆಯುವುದಾದರೆ ಉಪಯೋಗಕ್ಕೆ ಬರಬಹುದು.

ನಿಮ್ಮ ರಾತ್ರಿ ತುಂಬ ನೀಲಿ. ನೀಲಿ ಅಂದರೆ ತಂಪು ಅಂತ ಕಣ್ಣಿಗೆ ಅಭ್ಯಾಸ ಆಗಿದೆ. ಮೊದಲ ಶಾಟ್‌ನಿಂದಲೇ ನೀಲಿ ಇದ್ದರೆ ಕೋಣೆ ಆಗಲೇ ತಣ್ಣಗಿದೆ, ಅವನಿಗೆ ಸೆಕೆ ಹೇಗೆ ಆದೀತು? ಹೊರಗಿನ ಬೀದಿದೀಪದ ಥರ ಹಳದಿ-ಕಿತ್ತಳೆ ಬೆಳಕು ಇಡಿ. ಗ್ರೇಡಿಂಗ್‌ನಲ್ಲೂ, ಅಂದರೆ ಆಮೇಲೆ ಬಣ್ಣ ತಿದ್ದುವಾಗಲೂ, ಸ್ವಲ್ಪ ಮಟ್ಟಿಗೆ ಸರಿಮಾಡಬಹುದು. ರಾತ್ರಿ ಅನಿಸಲು ಬಣ್ಣ ಬೇಕಿಲ್ಲ. ಬೆಳಕು ಒಂದೇ ಕಡೆಯಿಂದ ಬಂದು ಉಳಿದದ್ದೆಲ್ಲ ಕತ್ತಲಾಗಿದ್ದರೆ ಸಾಕು.

ದಿಂಬು ಅಚ್ಚ ಬಿಳಿ. ಅದಕ್ಕೇ ಇಡೀ ಫ್ರೇಮ್‌ನಲ್ಲಿ ಅದೊಂದೇ ಉರಿಯುತ್ತಿದೆ, ನೇಯ್ಗೆ ಕಾಣುತ್ತಿಲ್ಲ. ಸಿನಿಮಾದವರು ಬಿಳಿ ಬಟ್ಟೆಯನ್ನು ಚಹಾ ಡಿಕಾಕ್ಷನ್ನಿನಲ್ಲಿ ಅದ್ದಿ ಒಣಗಿಸುತ್ತಾರೆ. ಕ್ಯಾಮೆರಾಗೆ ಅದು ಬಿಳಿಯೇ, ಆದರೆ ಉರಿಯುವುದಿಲ್ಲ. ಬೆಳಕನ್ನು ದಿಂಬಿನ ಮೇಲೆ ಓರೆಯಾಗಿ ಬೀಳಿಸಿದರೆ ಮಡಿಕೆಗಳು, ಕೆನ್ನೆ ಒತ್ತಿದ ಗುಳಿ ಎಲ್ಲ ಕಾಣುತ್ತವೆ. ಬಳಸಿದ ಮಗ್ಗುಲು ಸುಕ್ಕುಸುಕ್ಕು, ಹೊಸ ಮಗ್ಗುಲು ನುಣುಪು. ಕಣ್ಣಿಗೆ ಕಾಣುವ ತಂಪು ಅದೇ! ನೀವು ಮೇಲಿನಿಂದ ನೇರ ಬೆಳಕು ಕೊಟ್ಟು ಎರಡನ್ನೂ ಒಂದೇ ಮಾಡಿದ್ದೀರಿ.

ಬೆವರಿಗೆ ಬರೀ ನೀರು ಚಿಮುಕಿಸಿದಂತಿದೆ, ಶಾಟ್ ಮುಗಿಯುವಷ್ಟರಲ್ಲಿ ಆರಿದೆ. ಗ್ಲಿಸರಿನ್ ಬೆರೆಸಿದ ನೀರು ಹಾಕಿ, ಹನಿ ನಿಲ್ಲುತ್ತದೆ.

ಮೂಲೆಮಂಚ

ಒಂದು ಸಣ್ಣ ಪ್ರಶ್ನೆ. ಹಾಸಿಗೆಯ ಮೇಲೆ ಎರಡನೇ ದಿಂಬು ಯಾಕಿದೆ? ಅದು ಯಾರದ್ದು? ನಾನು ಕೊನೆಯವರೆಗೂ ಅದನ್ನೇ ನೋಡುತ್ತಿದ್ದೆ. ಅವನು ತನ್ನ ದಿಂಬು ತಿರುಗಿಸಿದಾಗ, ‘ಪಕ್ಕದ ದಿಂಬು ಮುಟ್ಟಲು ಇವನಿಗೆ ಮನಸ್ಸಿಲ್ಲ, ಪಾಪ’ ಅಂತ ಕಣ್ಣೀರೇ ಬಂತು.

ನಿಧಾನಗತಿ

ಅದು ಮಂಚ ಅಗಲ ಇತ್ತು ಅಂತ ಇಟ್ಟದ್ದು! ಖಾಲಿ ಕಾಣಬಾರದು ಅಂತ.

ಕತ್ತರಿ_ಅಂಟು

ನಾನು ಹೆಂಡತಿ ಬಿಟ್ಟು ಹೋಗಿದ್ದಾಳೆ ಅಂದುಕೊಂಡದ್ದು ಸುಮ್ನೆ ಅಲ್ಲ ನೋಡಿ. ಫ್ರೇಮ್‌ನಲ್ಲಿ ನಲವತ್ತು ವಸ್ತು ಇದ್ದರೆ ಎರಡನೇ ದಿಂಬನ್ನು ಯಾರೂ ಗಮನಿಸುವುದಿಲ್ಲ. ಐದೇ ವಸ್ತು ಇದ್ದರೆ ಒಂದೊಂದೂ ಸುಳಿವು. 4ಕೆಯಲ್ಲಿ ಶೂಟ್ ಮಾಡಿದ್ದೀರಿ ಅಲ್ವಾ? ಕೊನೆಯ ಫೈಲ್ 1080 (ಅಗಲ, ಎತ್ತರ ಎರಡರಲ್ಲೂ 4ಕೆಯ ಅರ್ಧ) ಆದರೆ ಎರಡು ಪಟ್ಟು ಹತ್ತಿರಕ್ಕೆ ಕ್ರಾಪ್ ಮಾಡಿದರೂ ಚಿತ್ರ ಕೆಡುವುದಿಲ್ಲ. ಎರಡನೇ ದಿಂಬನ್ನು ಫ್ರೇಮ್‌ನಿಂದ ಆಚೆ ಕಳಿಸಿ.

ಮೂಲೆಮಂಚ

ನನಗೆ ಆ ಚಿತ್ರವೇ ಇಷ್ಟ ಆಗಿತ್ತು. ಇರಲಿ ಬಿಡಿ.

ಹಳೇರೀಲು

ಮೇಲೆ ಯಾರೋ ‘ಏನೂ ಆಗುವುದಿಲ್ಲ’ ಅಂದಿದ್ದಾರೆ. 1895ರ ಡಿಸೆಂಬರ್ 28ರಂದು ಪ್ಯಾರಿಸ್‌ನಲ್ಲಿ ಲೂಮಿಯೇರ್ ಸಹೋದರರು ದುಡ್ಡು ತೆಗೆದುಕೊಂಡು ಜನಕ್ಕೆ ಹತ್ತು ಚಿತ್ರ ತೋರಿಸಿದರು. ಒಂದೊಂದೂ ಒಂದು ನಿಮಿಷಕ್ಕಿಂತ ಕಡಿಮೆ, ಯಾಕೆಂದರೆ ಕ್ಯಾಮೆರಾದಲ್ಲಿ ಹಿಡಿಯುತ್ತಿದ್ದದ್ದೇ ಸುಮಾರು 17 ಮೀಟರ್ ಫಿಲ್ಮ್. ಅದರಲ್ಲಿ ಒಂದು ಚಿತ್ರದಲ್ಲಿ ಅಪ್ಪ-ಅಮ್ಮ ಮಗುವಿಗೆ ತಿನ್ನಿಸುತ್ತಾರೆ, ಅಷ್ಟೇ. ನೋಡಿದ ಜನ ಬೆರಗಾದದ್ದು ಮಗುವನ್ನು ನೋಡಿ ಅಲ್ಲ, ಹಿಂದಿನ ಮರದ ಎಲೆಗಳು ಗಾಳಿಗೆ ಅಲುಗಾಡುತ್ತಿವೆ ಅಂತ. ನಾಟಕದ ಪರದೆಯ ಮೇಲೆ ಬರೆದ ಎಲೆ ಯಾವತ್ತೂ ಅಲುಗಾಡಿರಲಿಲ್ಲ. ಏನೂ ಆಗದೆ ಇರುವುದನ್ನು ನೋಡುವ ಖುಷಿ ಸಿನಿಮಾಗೆ ಹುಟ್ಟಿನಿಂದಲೇ ಬಂದದ್ದು.

ಎರಡನೇಸಾಲು

ಒಪ್ಪಿದೆ, ಆದರೆ ಅವರಿಗೆ 50 ಸೆಕೆಂಡ್ ಸಾಕಾಗಿತ್ತು ಅನ್ನುವುದನ್ನೂ ಗಮನಿಸಿ.

ಹಳೇರೀಲು

ಹ್ಹಹ್ಹ. ಫಿಲ್ಮ್ ಮುಗಿದು ಹೋಗುತ್ತಿತ್ತು ಸ್ವಾಮಿ.

ಬೆರಳಚ್ಚು

ತಡವಾಗಿ ಬಂದೆ. ಎಲ್ಲ ಓದಿದೆ. ಯಾರೂ ಕೈಯ ಬಗ್ಗೆ ಯಾಕೆ ಹೇಳಿಲ್ಲ?

ದಿಂಬು ತಿರುಗಿಸುವ ಮೊದಲು ನಾವೆಲ್ಲ ಒಂದು ಕೆಲಸ ಮಾಡುತ್ತೇವೆ. ದಿಂಬಿನ ಅಡಿಗೆ ಕೈ ತೂರಿಸುತ್ತೇವೆ. ಅದೂ ತಂಪು ಹುಡುಕಿ ಅಲ್ಲ, ಸುಮ್ನೆ ಕೈಗೆ ಜಾಗ ಬೇಕು ಅಂತ. ಅಲ್ಲಿ ಬೆರಳಿಗೆ ತಂಪು ಸಿಗುತ್ತದೆ. ಒಂದು ಕ್ಷಣ ಕೈ ಹಾಗೇ ನಿಲ್ಲುತ್ತದೆ. ಆಗ ದಿಂಬು ತಿರುಗಿಸುವ ಯೋಚನೆ ಬರುತ್ತದೆ. ನಿಮ್ಮ ಚಿತ್ರದಲ್ಲಿ ಅವನು ಇದ್ದಕ್ಕಿದ್ದಂತೆ ಎದ್ದು ದಿಂಬು ತಿರುಗಿಸುತ್ತಾನೆ. ಯಾಕೆ ಈಗ? ಒಂದು ನಿಮಿಷ ಮೊದಲು ಯಾಕಲ್ಲ? ಉತ್ತರ ಇಲ್ಲ. ಅದಕ್ಕೇ ಅದು ಕಥೆ ಅನಿಸುತ್ತಿಲ್ಲ.

ಕೈ ತೂರುವ ಒಂದು ಶಾಟ್ ಸೇರಿಸಿ. ಹೊರಳುತ್ತಾ ಕೈ ಒಳಗೆ ಹೋಗುತ್ತದೆ. ನಿಲ್ಲುತ್ತದೆ. ಬೆರಳುಗಳು ಸ್ವಲ್ಪ ಅಗಲ ಆಗುತ್ತವೆ. ಕೂಡಲೇ ತಿರುಗಿಸಬಾರದು. ಇನ್ನೂ ಇಪ್ಪತ್ತು ಸೆಕೆಂಡ್ ಅವನು ಸೋಮಾರಿತನದಿಂದ ಹಾಗೇ ಮಲಗಿರಲಿ. ಕೆನ್ನೆ ಬಿಸಿ ಮೇಲೆ, ಬೆರಳು ತಂಪಿನ ಮೇಲೆ, ನಡುವೆ ದಿಂಬು. ಆ ಇಪ್ಪತ್ತು ಸೆಕೆಂಡ್ ನೋಡುವವರೆಲ್ಲ ಮನಸ್ಸಿನಲ್ಲಿ ‘ತಿರುಗಿಸೋ ಮಾರಾಯ’ ಅನ್ನುತ್ತಾರೆ. ಅದು ಆಯಿತು ಅಂದರೆ ಉಳಿದದ್ದು ತಾನಾಗಿ ಆಗುತ್ತದೆ.

ಕತ್ತರಿ_ಅಂಟು

ಇದು. ನಾನು ಮೊದಲ ಪೋಸ್ಟ್‌ನಲ್ಲಿ ಹೇಳಲು ಒದ್ದಾಡಿದ್ದು ಇದನ್ನೇ. ಈ ಒಂದು ಶಾಟ್ ಬಂದರೆ ಮೊದಲ ಎರಡು ನಿಮಿಷ ಹೇಳದೆ ಕೇಳದೆ ತೆಗೆಯಬಹುದು.

ನಿಧಾನಗತಿ

ನಟ ತಲೆಕೂದಲು ಪೂರ್ತಿ ತೆಗೆಸಿಬಿಟ್ಟಿದ್ದಾನೆ, ಮುಖದ ಶಾಟ್ ಮತ್ತೆ ತೆಗೆಯಲು ಆಗುವುದಿಲ್ಲ. ಪುಣ್ಯಕ್ಕೆ ಕೈ ಹಾಗೇ ಇದೆ. ಕೈಯ ಶಾಟ್ ತೆಗೆಯುತ್ತೇನೆ. ಚಹಾದಲ್ಲಿ ಅದ್ದಿದರೆ ಹಳೆಯ ಶಾಟ್‌ನ ದಿಂಬಿಗೂ ಇದಕ್ಕೂ ಹೊಂದುತ್ತದಾ?

ಬೆಳಕುಕಂಡಿ

ಹೊಂದುವುದಿಲ್ಲ. ಬಿಳಿಯೇ ಇರಲಿ, ಬೆಳಕು ಕಡಿಮೆ ಮಾಡಿ. ಶಟರ್ ವೇಗ ಮಾತ್ರ ಹಳೆಯ ಶಾಟ್‌ಗೆ ಇಟ್ಟಷ್ಟೇ ಇಡಿ, ಸೆಕೆಂಡಿಗೆ 24 ಅಥವಾ 25 ಫ್ರೇಮ್‌ಗೆ 1/50 ಸೆಕೆಂಡ್ ಇಟ್ಟಿರುತ್ತೀರಿ. ಅಗ್ಗದ ಎಲ್‌ಇಡಿ ಬಲ್ಬ್ ಆದರೆ ಮೊದಲು ಹತ್ತು ಸೆಕೆಂಡ್ ತೆಗೆದು ಮಿನುಗು ಇದೆಯಾ ನೋಡಿಕೊಳ್ಳಿ.

ನಿಧಾನಗತಿ

ಹೊಸ ಕಟ್ ಹಾಕಿದ್ದೇನೆ. ಈಗ 4 ನಿಮಿಷ 15 ಸೆಕೆಂಡ್. ಗಡಿಯಾರ ಹೋಯಿತು, ನಗು ಹೋಯಿತು, ಪಿಯಾನೊ ಹೋಯಿತು, ಎರಡನೇ ದಿಂಬು ಹೋಯಿತು. ಕೈ ಬಂತು. ಶಬ್ದ ಪೂರ್ತಿ ಹೊಸದು. ನೀಲಿಯನ್ನು ಆದಷ್ಟು ಇಳಿಸಿದ್ದೇನೆ.

ಕೊನೆಯ ವಿಷಯದಲ್ಲಿ ಎರಡೂ ಪಕ್ಷದವರಿಗೆ ಬೇಜಾರಾಗುವಂತೆ ಮಾಡಿದ್ದೇನೆ. ಕೆನ್ನೆ ತಾಗಿದ ಮೇಲೆ 35 ಸೆಕೆಂಡ್ ಹಿಡಿದಿದ್ದೇನೆ. @ಖಾಲಿಕುರ್ಚಿ ಹೇಳಿದ ಮತ್ತೆ-ಕೈ-ಹುಡುಕುವ ಮುಕ್ತಾಯ ಹಾಕಿ ನೋಡಿದೆ. ಚೆನ್ನಾಗಿತ್ತು, ಆದರೆ ನೋಡಿದವರು ನಕ್ಕರು. ನಕ್ಕ ಕೂಡಲೇ ತಂಪು ಮರೆತು ಹೋಗುತ್ತದೆ. ಹಾಗಾಗಿ ಬಿಟ್ಟೆ. ಹೆಗಲು ಇಳಿಯುವುದು ಮಾತ್ರ ಇದೆ.

ಹೆಸರು ಇನ್ನೂ ಇಟ್ಟಿಲ್ಲ. ‘ತಂಪು’ ಅಂತ ಇಡುವ ಮನಸ್ಸು.

ಬೆರಳಚ್ಚು

‘ತಂಪು’ ಬೇಡ. ಮೊದಲ ಸೆಕೆಂಡಿಗೇ ಉತ್ತರ ಹೇಳಿದಂತೆ. ‘ದಿಂಬು’ ಅಂತಿಡಿ, ಅಥವಾ ಹೆಸರನ್ನು ಕೊನೆಯಲ್ಲಿ ಹಾಕಿ. ಕೈಯ ಶಾಟ್ ಚೆನ್ನಾಗಿ ಬಂದಿದೆ. ಬೆರಳು ಅಗಲ ಆಗುವುದು ಇನ್ನೂ ಸ್ವಲ್ಪ ಕಡಿಮೆ ಇದ್ದಿದ್ದರೆ ಆಗುತ್ತಿತ್ತು.

ಖಾಲಿಕುರ್ಚಿ

35 ಸೆಕೆಂಡ್ ಕಡಿಮೆಯೇ. ಆದರೆ ನಿಮ್ಮ ಚಿತ್ರ, ನಿಮ್ಮ ದಿಂಬು. ಕ್ರೆಡಿಟ್ ಎಷ್ಟು ಉದ್ದ ಇದೆ ನೋಡಿದ್ದೀರಾ? 40 ಸೆಕೆಂಡ್! ಸುಖಕ್ಕಿಂತ ಜಾಸ್ತಿ.

ಎರಡನೇಸಾಲು

ಈ ಸಲ ಓಡಿಸದೆ ನೋಡಿದೆ. ಫೋನ್‌ನಲ್ಲಿ, ಹೆಡ್‌ಫೋನ್ ಇಲ್ಲದೆ. ಕೈಯ ಶಾಟ್ ಆದ ಮೇಲೆ ನಿಜಕ್ಕೂ ‘ತಿರುಗಿಸೋ’ ಅಂತ ಅನಿಸಿತು, ಅದನ್ನು ಒಪ್ಪುತ್ತೇನೆ. ಆದರೆ ಶುರುವಿನ ಮೊದಲ ಶಾಟ್ ಇನ್ನೂ ಅರ್ಧ ಸಾಕು. ಅವನು ಹೊರಳುವ ಮೊದಲೇ ನಮಗೆ ಗೊತ್ತಾಗಿರುತ್ತದೆ. ಮತ್ತೆ ನೀವೆಲ್ಲ ಹೊಗಳುತ್ತಿರುವ ಆ ನಾಡಿಯ ಬಡಿತ, ಮಂಕು ಶಬ್ದ ಯಾವುದೂ ನನಗೆ ಕೇಳಲೇ ಇಲ್ಲ.

ನಿಧಾನಗತಿ

ಮೊದಲ ಶಾಟ್ ಅರ್ಧ ಮಾಡುತ್ತೇನೆ. ಕ್ರೆಡಿಟ್ ಒಂದೇ ಕಾರ್ಡ್‌ಗೆ ಇಳಿಸುತ್ತೇನೆ, ಇರುವುದೇ ಆರು ಜನ. @ಶಬ್ದಪೆಟ್ಟಿಗೆ, ಫೋನ್‌ನಲ್ಲಿ ಕೇಳದಿದ್ದರೆ ಏನು ಮಾಡುವುದು? ಬಹುತೇಕ ಜನ ಹಾಗೇ ನೋಡುವುದು.

ಶಬ್ದಪೆಟ್ಟಿಗೆ

ನಾಡಿಯ ಬಡಿತವನ್ನು ನೀವು ಸುಮಾರು 60 ಹರ್ಟ್ಸ್‌ನಲ್ಲಿ ಇಟ್ಟಿದ್ದೀರಿ. ಫೋನಿನ ಪುಟ್ಟ ಸ್ಪೀಕರ್‌ಗೆ ಅಷ್ಟು ಕೆಳಗಿನ ಶಬ್ದ ನುಡಿಸಲು ಆಗುವುದಿಲ್ಲ. ಅದಕ್ಕೆ ಸ್ವಲ್ಪ ಸ್ಯಾಚುರೇಶನ್ (ಶಬ್ದವನ್ನು ತುಸು ಒಡೆಸುವ ಎಫೆಕ್ಟ್) ಕೊಡಿ, ಆಗ 120, 180 ಹರ್ಟ್ಸ್‌ನಲ್ಲೂ ಅದರ ನೆರಳು ಏಳುತ್ತದೆ. ಅದನ್ನು ಫೋನ್ ಅಷ್ಟೋ ಇಷ್ಟೋ ನುಡಿಸುತ್ತದೆ, ಉಳಿದದ್ದನ್ನು ಕಿವಿ ತಾನೇ ತುಂಬಿಕೊಳ್ಳುತ್ತದೆ. ಒಂದು ಕಿವಿಯ ಕಡೆ ಮಾತ್ರ ಮಂಕು ಇಟ್ಟದ್ದು ಒಂದೇ ಸ್ಪೀಕರ್ ಇರುವ ಫೋನ್‌ನಲ್ಲಿ ಹೇಗೂ ಸಿಗುವುದಿಲ್ಲ, ಹಾಗಾಗಿ ಎರಡೂ ಕಡೆ ಒಂದಿಷ್ಟು ಮಂಕು ಇರಲಿ. ಮಿಕ್ಸ್ ಆದ ಮೇಲೆ ಫೋನ್ ಹಿಡಿದು ಕೇಳಿ ಪರೀಕ್ಷೆ ಮಾಡಿ. ಬೇಕಿದ್ದರೆ ಶಬ್ದದ ಟ್ರ್ಯಾಕ್‌ಗಳನ್ನು ಬೇರೆ ಬೇರೆಯಾಗಿ ಕಳಿಸಿ, ನಾನೇ ಮಾಡಿ ಕೊಡುತ್ತೇನೆ. ಕ್ರೆಡಿಟ್‌ನಲ್ಲಿ ಏಳನೇ ಹೆಸರಿಗೆ ಜಾಗ ಇದೆ ಅಲ್ವಾ?